ಪ್ರೀತಿಯ ಕುಷ್ಟ ಅವರಿಗೆ

ಆ ಬೆಳಿಗ್ಗೆ ಸುಂದರನಿಗೆ ಸಿಟ್ಟು ಬಂದದ್ದು ಪೊಲೀಸರ ಮೇಲಲ್ಲ, ಕೋರ್ಟಿನ ಮೇಲಲ್ಲ, ತನ್ನದೇ ಕೈಬರಹದ ಮೇಲೆ. ಅಷ್ಟು ಚಂದ ಬರೆಯುವ ಅಗತ್ಯವೇ ಇರಲಿಲ್ಲ. ಬ್ರಹ್ಮಾವರದಿಂದ ಕುಂದಾಪುರಕ್ಕೆ ಹೋಗುವ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತು, ಅಂಗಿಯ ಕಿಸೆಯಲ್ಲಿ ಮಡಚಿಟ್ಟಿದ್ದ ಜೆರಾಕ್ಸ್ ಹಾಳೆಯನ್ನು ಅರ್ಧ ಹೊರಗೆಳೆದು ನೋಡುವುದು, ನಿಟ್ಟುಸಿರು ಬಿಡುವುದು, ಮತ್ತೆ ಒಳಗೆ ತುರುಕುವುದು, ಇದನ್ನೇ ಮಾಡುತ್ತಿದ್ದ. ಪಕ್ಕದಲ್ಲಿ ಕೂತ ಹೆಂಗಸು ಅದನ್ನು ಯಾವುದೋ ಕೆಟ್ಟ ಕಾಯಿಲೆಯ ರಿಪೋರ್ಟು ಎಂದುಕೊಂಡಳೋ ಏನೋ, ಕನಿಕರದಿಂದ ಸ್ವಲ್ಪ ಸರಿದು ಅವನಿಗೆ ಜಾಗ ಬಿಟ್ಟುಕೊಟ್ಟಳು. ಕಾಯಿಲೆಯೇ ಆಗಿದ್ದರೆ ಎಷ್ಟೋ ವಾಸಿಯಿತ್ತು, ಮನುಷ್ಯನಿಗೆ ಕಾಯಿಲೆ ಬಂದರೆ ಯಾರೂ ನಗುವುದಿಲ್ಲ. ಆ ಹಾಳೆ ಒಂದು ಮಹಜರು. ಏನನ್ನಾದರೂ ವಶಪಡಿಸಿಕೊಂಡಾಗ ಪೊಲೀಸರು ಅಲ್ಲಿಯೇ ನಿಂತು ಬರೆಯುವ, ಇಬ್ಬರು ದಾರಿಹೋಕರನ್ನು ಪಂಚರೆಂದು ಕರೆದು ಸಹಿ ಹಾಕಿಸಿಕೊಳ್ಳುವ ಕಾಗದ. ಹಾಲಾಡಿ ಪೇಟೆಯಲ್ಲಿ ಆರೋಪಿತನ ವಶದಲ್ಲಿದ್ದ ಕೆಂಪು ಬಣ್ಣದ ಹುಂಜ ಒಂದನ್ನು ಪಂಚರ ಸಮಕ್ಷಮ ಸ್ವಾಧೀನಪಡಿಸಿಕೊಂಡಿದ್ದು ಎಂದು ಮೇಲೆ ಬರೆದಿತ್ತು. ಕೆಳಗೆ ಒಂದನೇ ಪಂಚ, ಈಗ ಮುಂಬೈ ಸೇರಿಕೊಂಡು ಪತ್ತೆಯಿಲ್ಲದ ಗೂಡಂಗಡಿಯವನು, ಕೋಳಿ ಕೆದಕಿದ ಹಾಗೆ ಏನೋ ಗೀಚಿದ್ದ. ಅದರ ಕೆಳಗೆ ಎರಡನೇ ಪಂಚನ ಮುತ್ತಿನಂಥ ಅಕ್ಷರ. ‘ಪ್ರೀತಿಯ ಕುಷ್ಟ ಅವರಿಗೆ, ನ್ಯಾಯ ಸದಾ ನಿಮ್ಮ ಜೊತೆಗಿರಲಿ. ನಲ್ಮೆಯಿಂದ, ಸುಂದರ.’ ಕುಷ್ಟ ಎಂದರೆ ಆ ಹುಂಜದ ಕೇಸಿನ ಆರೋಪಿ.

ಸುಂದರ ಅಂತಿಂಥವನಲ್ಲ. ಕಾನೂನು, ಮಾಧ್ಯಮ, ಅಪರಾಧ, ನ್ಯಾಯ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಬರೆಯಬಲ್ಲ ಲೇಖಕ ಬೈಂದೂರಿನಿಂದ ಬ್ರಹ್ಮಾವರದವರೆಗೆ ಹುಡುಕಿದರೂ ಇವರೊಬ್ಬರೇ ಎಂದು ಅವನ ಪುಸ್ತಕದ ಬೆನ್ನುಡಿಯಲ್ಲಿತ್ತು. ಬೆನ್ನುಡಿ ಬರೆದದ್ದೂ ಅವನೇ, ಹೆಸರು ಮಾತ್ರ ಒಬ್ಬ ನಿವೃತ್ತ ಪ್ರಾಂಶುಪಾಲರದ್ದು. ಪುಸ್ತಕದ ಹೆಸರು ‘ಕಟಕಟೆ ಮತ್ತು ಕ್ಯಾಮೆರಾ’. ಅದರ ಏಳನೇ ಅಧ್ಯಾಯ ಪಂಚರನ್ನು ಕುರಿತದ್ದು, ಓದದೆ ಸಹಿ ಹಾಕುವವರನ್ನು ಅದರಲ್ಲಿ ಅವನು ಒಂಬತ್ತು ಪುಟ ಬೈದಿದ್ದ. ಐದನೇ ಅಧ್ಯಾಯದಲ್ಲಿ, ಕೋರ್ಟು ತೀರ್ಪು ಕೊಡುವ ಮೊದಲೇ ಆರೋಪಿಯನ್ನು ಕಳ್ಳ ಎಂದು ಬರೆಯುವ ಪತ್ರಕರ್ತರನ್ನು ಬೈದಿದ್ದ. ಬೈಯುವಾಗ ಅವನಿಗೆ ಒಳ್ಳೆಯ ಕನ್ನಡ ಬರುತ್ತಿತ್ತು. ಇಷ್ಟೆಲ್ಲ ಬರೆದವನು ಹಾಲಾಡಿಯ ಕಾಲೇಜಿನಲ್ಲಿ ಭಾಷಣ ಮುಗಿಸಿ, ಹೆಗಲ ಮೇಲಿನ ಸನ್ಮಾನದ ಶಾಲನ್ನು ಬೇಕೆಂದೇ ತೆಗೆಯದೆ, ಒಂದೂ ಮಾರಾಟವಾಗದ ಪುಸ್ತಕದ ಕಟ್ಟನ್ನು ಕಾಲ ಬುಡದಲ್ಲಿಟ್ಟುಕೊಂಡು ಜಂಕ್ಷನ್ನಿನಲ್ಲಿ ಬಸ್ಸಿಗೆ ಕಾಯುತ್ತಿದ್ದ ಆ ಸಂಜೆ, ಮೂರು ವರ್ಷದ ಹಿಂದೆ, ಎದುರಿನ ಚಾ ಅಂಗಡಿಯ ಬೆಂಚಿನಲ್ಲಿದ್ದ ಏಳೆಂಟು ಜನ ಒಮ್ಮೆಲೇ ಎದ್ದು ಮಾಯವಾದರು. ಪೊಲೀಸ್ ಪೇದೆ ಕೈಯಲ್ಲಿ ಕಾಗದ ಹಿಡಿದುಕೊಂಡು ಬರುವುದನ್ನು ಕಂಡರೆ ಊರಿನವರು ಹೀಗೆ ಕರಗಿಹೋಗುತ್ತಾರೆ, ಪಂಚ ಎಂದು ಸಹಿ ಹಾಕಿದರೆ ಆಮೇಲೆ ವರ್ಷಗಟ್ಟಲೆ ಕೋರ್ಟಿಗೆ ಅಲೆಯಬೇಕೆಂದು ಅವರಿಗೆಲ್ಲ ಗೊತ್ತು. ಗೊತ್ತಿಲ್ಲದವನು ಪುಸ್ತಕ ಬರೆದವನೊಬ್ಬನೇ. ಅವರೆಲ್ಲ ತನಗಾಗಿ ದಾರಿ ಬಿಟ್ಟರು ಎಂದುಕೊಂಡ.

“ಸರ್, ನೀವ್ ಪೇಪರಂಗೆ ಬರೆವರ್ ಅಲ್ದಾ?” ಎಂದು ಪೇದೆ ವಿಶಾಲ್ ಕೇಳಿದ. ಸಣ್ಣ ಪ್ರಾಯದವನು, ಬೆವರಿದ್ದ, ಕಂಕುಳಲ್ಲಿ ಒಂದು ಕೆಂಪು ಹುಂಜವನ್ನು ಒತ್ತಿ ಹಿಡಿದಿದ್ದ. ಸಂಜೆಯ ಊಟಕ್ಕೆ ಕೋಳಿ ಕೊಂಡು ಮನೆಗೆ ಹೋಗುತ್ತಿದ್ದಾನೆ, ಹೋಗುವವನು ನನ್ನನ್ನು ಕಂಡು ನಿಂತಿದ್ದಾನೆ ಎಂದು ಸುಂದರನಿಗೆ ಅನಿಸಿತು.

“ಹೌದು.”

“ಒಂದ್ ಸೈನ್ ಬೇಕಿತ್.”

ಐವತ್ತೊಂದು ವರ್ಷ ಕಾದ ಮಾತು. ಆ ಸಹಿಯನ್ನು ಸುಂದರ ಮನೆಯಲ್ಲಿ ಕ್ಯಾಲೆಂಡರಿನ ಹಿಂಬದಿಯಲ್ಲಿ ಎಷ್ಟು ಸಲ ಅಭ್ಯಾಸ ಮಾಡಿದ್ದನೆಂದರೆ, ಕೊನೆಯ ರ ಅಕ್ಷರಕ್ಕೆ ಬಾಲ ಎಳೆಯುವುದೋ ಬೇಡವೋ ಎಂಬುದರಲ್ಲೇ ಒಂದು ಮಳೆಗಾಲ ಕಳೆದಿತ್ತು. ಪೇದೆ ಬೈಕಿನ ಸೀಟಿನ ಮೇಲೆ ಕಾಗದ ಇಟ್ಟ, ಗಾಳಿಗೆ ಹಾರದಂತೆ ಮೇಲಿನ ಮುಕ್ಕಾಲು ಭಾಗ ಮಡಚಿ ಹೆಲ್ಮೆಟ್ ಹೇರಿದ. ಪುಸ್ತಕ ಕೊಳ್ಳುವ ಅನುಕೂಲವಿಲ್ಲ, ಹಾಳೆಯ ಮೇಲಾದರೂ ಬರೆಸಿಕೊಳ್ಳೋಣ ಎಂದು ಬಂದಿದ್ದಾನೆ ಪಾಪ, ಎಂದು ಸುಂದರನ ಕಣ್ಣು ಒದ್ದೆಯಾಯಿತು. “ಯಾರ ಹೆಸರಿಗೆ ಬರೀಲಿ?” ಎಂದು ಕೇಳಿದ. ಯಾರ ಮೇಲೆ ಕೇಸು ಎಂದು ಕೇಳುತ್ತಿದ್ದಾರೆ ಎಂದುಕೊಂಡ ಪೇದೆ “ಕುಷ್ಟ ಅಂದೇಳಿ,” ಅಂದ. ಅಪ್ಪನಿರಬೇಕು, ಸುಂದರ ಅಂದುಕೊಂಡ, ಓದುವ ಹುಚ್ಚಿನ ಅಪ್ಪ. ಹುಂಜ ವಿಶಾಲನ ಮೊಣಕೈಯನ್ನು ಕುಕ್ಕುತ್ತಿತ್ತು, ಬಸ್ಸು ಹಾರ್ನ್ ಹಾಕುತ್ತಿತ್ತು, ರ ಅಕ್ಷರದ ಬಾಲ ಯಾವತ್ತೂ ಇಲ್ಲದಷ್ಟು ಚಂದ ಬಂತು. ಅವನು ಬರೆದದ್ದನ್ನು ಪೇದೆ ಓದಲಿಲ್ಲ, ಪೇದೆ ಕೊಟ್ಟದ್ದನ್ನು ಮೇಲಿನವರು ಓದಲಿಲ್ಲ, ಯಾವ ಠಾಣೆ ಎಂದು ಹೇಳುವುದು ಬೇಡ, ಹಾಳೆ ಹಾಗೆಯೇ ಚಾರ್ಜ್‌ಶೀಟಿನೊಳಗೆ ಹೊಲಿದುಕೊಂಡು ಕೋರ್ಟಿಗೆ ಹೋಯಿತು.

ಬಸ್ಸು ಕೋಟ ದಾಟಿತು. ಹೋದ ವಾರ ಸಮನ್ಸ್ ತಂದುಕೊಟ್ಟ ವಿಶಾಲನೇ ಈ ಜೆರಾಕ್ಸನ್ನೂ ಕೊಟ್ಟು, ತಲೆ ಕೆರೆದುಕೊಳ್ಳುತ್ತ, “ಸರ್, ನೀವ್ ಎಂತದೂ ಹೇಳೂದ್ ಬ್ಯಾಡ. ‘ನನ್ ಎದುರಿಗೆ ಕೋಳಿ ಹಿಡ್ದದ್’ ಅಂದ್ರೆ ಮುಗೀತ್. ಆ ಪ್ರೀತಿ ಗೀತಿ ಎಂತ ಅಂದ್ ಕೇಂಡ್ರೆ, ನಾನ್ ಕವಿ ಅಂದೇಳಿ ಹೇಳಿ,” ಎಂದಿದ್ದ. ಹಾಗೆ ಹೇಳಿದರೆ ಎಲ್ಲ ಮುಗಿಯುತ್ತದೆ ನಿಜ. ಪಂಚನ ಮಾನ ಉಳಿಯುತ್ತದೆ, ಲೇಖಕನ ಮಾನ ಉಳಿಯುತ್ತದೆ, ಎರಡನೇ ಮುದ್ರಣ ಎಂದಾದರೂ ಆದರೆ ಏಳನೇ ಅಧ್ಯಾಯವನ್ನು ತೆಗೆಯುವ ಪ್ರಸಂಗ ಬರುವುದಿಲ್ಲ. ಆ ಕುಷ್ಟನಿಗೆ ಮಾತ್ರ ಶಿಕ್ಷೆಯಾಗುತ್ತದೆ, ಕೋಳಿ ಕಳ್ಳ ಎಂಬ ಹೆಸರಿಗೆ ಸರ್ಕಾರಿ ಮುದ್ರೆ ಬೀಳುತ್ತದೆ. ಸುಳ್ಳು ಹೇಳುವ ವಿಚಾರ ಬಂದಾಗಲೆಲ್ಲ ಸುಂದರ ಮುಂದಿನ ಸ್ಟಾಪಿನಲ್ಲಿ ಇಳಿದುಬಿಡೋಣ ಎಂದುಕೊಳ್ಳುತ್ತಿದ್ದ, ನಿಜ ಹೇಳುವ ವಿಚಾರ ಬಂದಾಗ ಈ ಸ್ಟಾಪಿನಲ್ಲೇ ಇಳಿಯೋಣ ಎಂದುಕೊಳ್ಳುತ್ತಿದ್ದ. ಇಷ್ಟು ವರ್ಷ ಸತ್ಯದ ಬಗ್ಗೆ ಬರೆದೂ ಬರೆದೂ ಅದು ಹೇಳಲಿಕ್ಕೆ ಇಷ್ಟು ನಾಚಿಕೆಯ ವಸ್ತುವಾಗಿರಬಹುದೆಂದು ಅವನಿಗೆ ಹೊಳೆದಿರಲಿಲ್ಲ.

ಹೆಂಡತಿ ಬೇಬಿ ಮೀನು ಮಾರುವವಳು, ಬ್ರಹ್ಮಾವರದ ಮಾರ್ಕೆಟ್ಟಿನಲ್ಲಿ ಅವಳ ಬುಟ್ಟಿಗೆ ಅವನ ಪುಸ್ತಕಕ್ಕಿಂತ ಹೆಚ್ಚು ಗಿರಾಕಿ. ಸಮನ್ಸ್ ಬಂದ ದಿನ ಜೆರಾಕ್ಸನ್ನು ಓದಿ ಹೇಳೆಂದು ಪೀಡಿಸಿದಳು, ಓದಿ ಹೇಳಿದ. ಅವಳು ಬಾಗಿಲ ದಾರಂದ ಹಿಡಿದುಕೊಂಡು ನಕ್ಕಳು, ಸಾಕಾಗದೆ ನೆಲದ ಮೇಲೆ ಕೂತು ನಕ್ಕಳು. “ಹ್ವಾಯ್, ಅವ ಕೋಳಿ ಕದ್ದದ್ದಕ್ಕೆ ನೀವ್ ಪ್ರೀತಿ ಮಾಡಿದ್ರ್ಯಾ?”

“ಬಸ್ ಹೊರ್ಟಿತ್ತ್ ಮಾರಾಯ್ತಿ. ಓದೂಕೆ ಎಲ್ಲ್ ಪುರ್ಸೊತ್ತು?”

“ಬಸ್ ಹೊರ್ಟ್ರೂ ನಾನ್ ಬಂಗ್ಡಿ ಕಿವಿ ಎತ್ತಿ ಕಾಣ್ದೆ ಬುಟ್ಟಿಗ್ ಹಾಕ್ತಿಲ್ಲೆ.” ಸೆರಗಿನಿಂದ ಕಣ್ಣು ಒರೆಸಿಕೊಂಡಳು. “ಇದ್ದದ್ದ್ ಇದ್ದಾಂಗೆ ಹೇಳಿ. ನೆಗಾಡ್ರೆ ನೆಗಾಡ್ಲಿ. ನಾನ್ ಈಗ ನೆಗಾಡ್ಲಿಲ್ಯಾ, ನಿಮ್ಗ್ ಎಂತ ಆಯ್ತ್?”

ಬೇಬಿಗೆ ಹೇಳದೆ ಉಳಿಸಿದ್ದು ಒಂದಿತ್ತು, ಬಸ್ಸು ತೆಕ್ಕಟ್ಟೆ ದಾಟುವಾಗ ಅದು ನೆನಪಿಗೆ ಬಂತು. ಆ ಸಂಜೆ ಹಾಲಾಡಿಯಿಂದ ವಾಪಸು ಬರುವ ಬಸ್ಸಿನಲ್ಲಿ, ಮೊದಲ ಹಸ್ತಾಕ್ಷರದ ಅಮಲು ಇನ್ನೂ ಇಳಿಯದಿರುವಾಗ, ಮೊಬೈಲಿಗೆ ಪೊಲೀಸ್ ಪ್ರಕಟಣೆ ಬಂದಿತ್ತು. ‘ಕೋಳಿ ಕಳವು ಆರೋಪ: ಓರ್ವನ ಬಂಧನ. ವಂಡ್ಸೆ ಸಮೀಪದ ಕೃಷ್ಣ (41).’ ಮಂಗಳೂರಿನ ಒಂದು ಪತ್ರಿಕೆಗೆ ಸುಂದರ ಈ ಭಾಗದ ಸುದ್ದಿ ಕಳಿಸುತ್ತಿದ್ದ, ನಿಂತ ಮೆಟ್ಟಿನಲ್ಲಿ ಅದಕ್ಕೊಂದು ತಲೆಬರಹ ಕೊಟ್ಟ. ‘ಕೋಳಿ ಕಳ್ಳ ಸೆರೆ’ ಎಂದು ಬರೆದ. ಓದಿದರೆ ಚಪ್ಪೆ ಅನಿಸಿತು. ಕೋಳಿ, ಕಳ್ಳ, ಎರಡು ಕಕಾರ ಇವೆ, ಮೂರನೆಯದೊಂದು ಬಿದ್ದರೆ ಕಿವಿಗೆ ಹಿತ. ‘ಕೋಳಿ ಕಳ್ಳ ಕೊನೆಗೂ ಸೆರೆ’ ಎಂದು ತಿದ್ದಿ ಕಳಿಸಿ, ಅಕ್ಕಪಕ್ಕದವರಿಗೆ ಕಾಣದಂತೆ ತನ್ನಷ್ಟಕ್ಕೆ ನಕ್ಕಿದ್ದ. ಐದನೇ ಅಧ್ಯಾಯ ನೆನಪಾಗಲಿಲ್ಲವೇ ಎಂದರೆ ಆಯಿತು, ಸುದ್ದಿ ಬೇರೆ ಪುಸ್ತಕ ಬೇರೆ ಎಂದು ತನಗೆ ತಾನೇ ಹೇಳಿಕೊಂಡಿದ್ದ. ಪ್ರಕಟಣೆಯ ಕೃಷ್ಣ, ಹಸ್ತಾಕ್ಷರದ ಕುಷ್ಟ, ಇಬ್ಬರೂ ಒಬ್ಬನೇ ಎಂದು ತಿಳಿದದ್ದು ಸಮನ್ಸಿನಲ್ಲಿ ‘ಕೃಷ್ಣ ಯಾನೆ ಕುಷ್ಟ’ ಎಂದು ಓದಿದ ಮೇಲೆ. ಈ ಊರಿನಲ್ಲಿ ಹುಟ್ಟಿ, ಕೃಷ್ಣನನ್ನು ಕುಷ್ಟ ಎಂದು ಕರೆಯುವವರ ನಡುವೆಯೇ ಬೆಳೆದು, ಈ ಎರಡು ಹೆಸರು ತನ್ನ ತಲೆಯಲ್ಲಿ ಒಂದಕ್ಕೊಂದು ಯಾಕೆ ಮುಟ್ಟಲಿಲ್ಲ ಎಂದು ಯೋಚಿಸಿದರೆ ಮೈ ಬಿಸಿಯಾಗುತ್ತಿತ್ತು. ಹಸ್ತಾಕ್ಷರ ಕೇಳುವವನು ಕುಷ್ಟ, ಕೋಳಿ ಕದಿಯುವವನು ಕೃಷ್ಣ, ಇಬ್ಬರೂ ತನ್ನ ಮಟ್ಟಿಗೆ ಮುಖವಿಲ್ಲದವರು. ಒಬ್ಬನಿಗೆ ನಲ್ಮೆ ಕೊಟ್ಟ, ಒಬ್ಬನಿಗೆ ‘ಕೊನೆಗೂ’ ಕೊಟ್ಟ, ಎರಡೂ ಒಂದೇ ಗಂಟೆಯೊಳಗೆ.

ಕುಂದಾಪುರದ ಕೋರ್ಟಿನಲ್ಲಿ ಹನ್ನೆರಡೂವರೆಯವರೆಗೆ ಜಗಲಿಯಲ್ಲಿ ನಿಂತ. ಯಾರಾದರೂ ವಕೀಲರು ಗುರುತು ಹಿಡಿದರೆ ಎಂಬ ಭಯ, ಯಾರೂ ಗುರುತು ಹಿಡಿಯುತ್ತಿಲ್ಲವಲ್ಲ ಎಂಬ ಬೇಜಾರು, ಎರಡೂ ಒಟ್ಟಿಗೆ. ಕೊನೆಗೆ ಅಟೆಂಡರ್ ಬಾಗಿಲಿಗೆ ಬಂದು “ಸುಂದರಾ, ಸುಂದರಾ, ಸುಂದರಾ” ಎಂದು ಮೂರು ಸಲ ಕೂಗಿದ. ಲೇಖಕರಾದ ಎಂದಿಲ್ಲ, ಶ್ರೀ ಎಂದಿಲ್ಲ, ದನ ಕರೆದ ಹಾಗೆ. ದೇವರ ಹೆಸರಿನಲ್ಲಿ ಪ್ರಮಾಣ ಮಾಡಿಸಿದರು. ಸರ್ಕಾರಿ ವಕೀಲರು ದಾಖಲೆ ತೋರಿಸಿ, ಸಹಿ ನಿಮ್ಮದೇ ಎಂದು ಕೇಳಿದರು. ನನ್ನದೇ ಎಂದ. ಅವರು ಅದರ ಮೇಲಿನ ಗೆರೆಯನ್ನು ಆಗಲೇ ಮೊದಲ ಸಲ ನೋಡಿದರೆಂದು ಕಾಣುತ್ತದೆ, ಹುಬ್ಬು ಮೇಲೆ ಹೋಯಿತು, ಕೆಳಗೆ ಬರಲಿಲ್ಲ. ಆದರೂ ಸಾವರಿಸಿಕೊಂಡು, “ನಿಮ್ಮ ಸಮಕ್ಷಮ ಪೊಲೀಸರು ಆರೋಪಿಯಿಂದ ಕೋಳಿಯನ್ನು ವಶಪಡಿಸಿಕೊಂಡರು, ಸರಿಯೇ?” ಎಂದರು.

ಸರಿ ಎಂಬ ಎರಡಕ್ಷರ ನಾಲಿಗೆಯ ತುದಿಯಲ್ಲೇ ಇತ್ತು. ಎಷ್ಟು ಸಣ್ಣ ಶಬ್ದ, ಇಷ್ಟು ಸಣ್ಣದಕ್ಕೆ ದೇವರು ಸಿಟ್ಟಾಗಲಾರ. ಆಗ ಆರೋಪಿಯ ಕಡೆ ನೋಡಿದ, ಕಳ್ಳನ ಮುಖವೊಂದು ಅಲ್ಲಿದ್ದರೆ ಹೇಳಲಿಕ್ಕೆ ಸುಲಭವಾಗುತ್ತದೆ ಎಂದು. ಅಲ್ಲಿದ್ದದ್ದು ಸಣಕಲು ಮನುಷ್ಯ, ತೆಂಗಿನಮರ ಹತ್ತಿ ಹತ್ತಿ ಎದೆಯ ಹತ್ತಿರ ಅಂಗಿ ಸವೆದವನು. ಅವನು ಸುಂದರನನ್ನು ನೋಡಿ ನಕ್ಕ. ಮದುವೆ ಮನೆಯಲ್ಲಿ ದೂರದ ನೆಂಟರನ್ನು ಕಂಡು ನಗುತ್ತಾರಲ್ಲ, ಹಾಗೆ. ಯಾಕೆ ನಕ್ಕನೆಂದು ಸುಂದರನಿಗೆ ಅರ್ಥವಾಗಲಿಲ್ಲ, ಗಾಬರಿಯಾಯಿತು, ಗಾಬರಿಯಲ್ಲಿ ನಿಜ ಹೊರಗೆ ಬಿತ್ತು.

“ಇಲ್ಲ ಸ್ವಾಮಿ. ನಾನು ಏನೂ ನೋಡಲಿಲ್ಲ. ನನ್ನ ಹಸ್ತಾಕ್ಷರ ಕೇಳುತ್ತಿದ್ದಾರೆ ಅಂತ ತಿಳಿದೆ.”

ಟೈಪು ಮಾಡುತ್ತಿದ್ದವರು ಕೈ ನಿಲ್ಲಿಸಿದರು. ನ್ಯಾಯಾಧೀಶರು, “ಹಸ್ತಾಕ್ಷರ ಅಂದರೆ ಸಹಿಯೇ ಅಲ್ಲವೇ?” ಎಂದರು.

“ಆಟೋಗ್ರಾಫ್, ಸ್ವಾಮಿ. ಲೇಖಕರ ಹತ್ತಿರ ಕೇಳುತ್ತಾರಲ್ಲ, ಅದು.”

ಮೊದಲು ಹಿಂದಿನ ಬೆಂಚಿನಲ್ಲಿ ಯಾರೋ ಕೆಮ್ಮಿದರು, ಆಮೇಲೆ ಅದು ಕೆಮ್ಮಲ್ಲವೆಂದು ಎಲ್ಲರಿಗೂ ಗೊತ್ತಾಯಿತು. ಸಾಕ್ಷಿ ತಿರುಗಿಬಿದ್ದಿದ್ದಾನೆ ಎಂದು ಸರ್ಕಾರಿ ವಕೀಲರು ಬರೆಸಿದರು. ಆರೋಪಿ ನಿಮಗೆ ಪ್ರೀತಿಯವನಾದ್ದರಿಂದ ಸುಳ್ಳು ಹೇಳುತ್ತಿದ್ದೀರಿ ಎಂದರೆ ಸರಿಯೇ ಎಂದು ಕೇಳಿದರು. ಸರಿಯಲ್ಲ ಎಂದ. ಹಾಗಾದರೆ ನಿಮಗೆ ಅವನಲ್ಲಿ ಪ್ರೀತಿ ಇಲ್ಲವೇ ಎಂದರು. ಸುಂದರ ಆರೋಪಿಯ ಕಡೆ ನೋಡಿದ, ಆರೋಪಿಯೂ ಉತ್ತರಕ್ಕಾಗಿ ಕುತೂಹಲದಿಂದ ಕಾಯುತ್ತಿದ್ದ. ಆರೋಪಿಯ ಪರವಾಗಿ ಎದ್ದವಳು ನವ್ಯಶ್ರೀ ಎಂಬ ಎಳೆಯ ವಕೀಲೆ. ನೀವು ಕೋಳಿಯನ್ನು ಕಂಡದ್ದು ಯಾರ ಕೈಯಲ್ಲಿ ಎಂದು ಕೇಳಿದಳು. ಪೇದೆಯ ಕಂಕುಳಲ್ಲಿ ಎಂದ. ಮೇಜಿನ ಮೇಲಿನ ಪುಸ್ತಕವನ್ನು ಎತ್ತಿಕೊಂಡಳು. ಅದು ಸುಂದರನೇ ವಕೀಲರ ಲೈಬ್ರರಿಗೆ ದಾನ ಕೊಟ್ಟ ‘ಕಟಕಟೆ ಮತ್ತು ಕ್ಯಾಮೆರಾ’, ಪುಟಗಳು ಇನ್ನೂ ಒಂದಕ್ಕೊಂದು ಅಂಟಿಕೊಂಡಿದ್ದವು, ಸ್ಕೇಲಿನಿಂದ ಬಿಡಿಸಿ ಓದಿದಳು. “‘ಓದದೆ ಸಹಿ ಹಾಕುವ ವಿದ್ಯಾವಂತ ಸಮಾಜಕ್ಕೆ ಹೊರೆ.’ ಈ ವಾಕ್ಯ ನಿಮ್ಮದೇ?”

“ನನ್ನದೇ.”

“ಈಗಲೂ ನಿಮ್ಮ ಅಭಿಪ್ರಾಯ ಅದೇ?”

“ಹೌದು.”

ಈ ಸಲ ಸರ್ಕಾರಿ ವಕೀಲರೂ ನಕ್ಕರು. ಮಹಜರಿನ ‘ಪ್ರೀತಿಯ ಕುಷ್ಟ’ ಗೆರೆಗೆ ಪ್ರತ್ಯೇಕ ನಿಶಾನೆ ಹಾಕಿ, ಪಿ ಎರಡು ಬಿ ಎಂದು ಗುರುತಿಸಿದರು, ಅವನು ಬರೆದದ್ದಕ್ಕೆ ಸಿಕ್ಕ ಮೊದಲ ಮಾನ್ಯತೆ ಅದು. ನ್ಯಾಯಾಧೀಶರು ಮಾತ್ರ ನಗದೆ, ಸ್ವಲ್ಪ ಮುಂದೆ ಬಗ್ಗಿ, ಮೆತ್ತಗೆ ಕೇಳಿದರು. “ಅದಕ್ಕಿಂತ ಮೊದಲು ಯಾರಾದರೂ ನಿಮ್ಮ ಆಟೋಗ್ರಾಫ್ ಕೇಳಿದ್ದರೇ?”

“ಇಲ್ಲ.”

“ಆಮೇಲೆ?”

“ಇಲ್ಲ ಸ್ವಾಮಿ.” ಎರಡೂ ಉತ್ತರಗಳನ್ನು ಟೈಪು ಮಾಡಿಕೊಂಡರು. ಓದಿ ಹೇಳಲಾಯಿತು, ಸರಿ ಇದೆ ಎಂದು ಒಪ್ಪಿ ಸಹಿ ಹಾಕೆಂದರು. ಸುಂದರ ಒಂದೊಂದೇ ಸಾಲು ಬೆರಳಿಟ್ಟು ಓದಿದ, ಅಟೆಂಡರಿಗೆ ತಾಳ್ಮೆ ತಪ್ಪುವವರೆಗೆ ಓದಿದ, ಬಾಲವಿಲ್ಲದ ಸಹಿ ಹಾಕಿ ಹೊರಗೆ ಬಂದ.

ಹೊರಗೆ ಬಿಸಿಲು. ಓಡಿಹೋಗಿ ಬಸ್ಸು ಹತ್ತಬೇಕು, ಯಾರ ಮುಖವನ್ನೂ ನೋಡಬಾರದು ಎಂದು ಗೇಟಿನ ಕಡೆ ನಡೆದವನ ಹಿಂದೆ “ಹ್ವಾಯ್ ಸರ್” ಎಂದು ಕೇಳಿಸಿತು. ಕುಷ್ಟ. ಕೈಯಲ್ಲಿ ಪ್ಲಾಸ್ಟಿಕ್ ಚೀಲ, ಅದರೊಳಗೆ ಚಾರ್ಜ್‌ಶೀಟಿನ ಪ್ರತಿ. ಕೇಸು ಇನ್ನು ನಿಲ್ಲುವುದಿಲ್ಲ ಎಂದು ನವ್ಯಶ್ರೀ ಮೇಡಂ ಹೇಳಿದರು ಎಂದು ಮೊದಲು ಅದನ್ನೇ ಹೇಳಿದ, ಕೋಳಿ ದೊಡ್ಡತ್ತೆ ಸೀತುವಿನದ್ದೇ ಆದರೂ ಸಾಕಿದ್ದು ತಾನೇ, ಜಾಗದ ಗಲಾಟೆಯಲ್ಲಿ ಅವಳು ದೂರು ಕೊಟ್ಟದ್ದು ಎಂದೂ ಹೇಳಿದ. ಆಮೇಲೆ ಚೀಲವನ್ನು ಎದೆಗೆ ಒತ್ತಿಕೊಂಡ.

“ನಿಮ್ಮನ್ನ ಒಂದ್ಸಲ ಕಾಣ್ಕ್ ಅಂದೇಳಿ ಮೂರ್ ವರ್ಷದಿಂದ ಇದ್ದೆ. ನಂಗೆ ಓದೂಕೆ ಬತ್ತಿಲ್ಲೆ, ಮಗಳ್ ಮೋಕ್ಷಿತಾ ಇದನ್ನ ಪೂರಾ ಓದಿ ಹೇಳಿದ್ಲ್. ಹದ್ನಾಲ್ಕ್ ಪುಟ. ಎಲ್ಲಾ ಕಡಿಯಂಗೂ ‘ಸದ್ರಿಯವನು’, ‘ಆರೋಪಿತನು’, ‘ಇವನು’. ಕಡಿಗೆ ನಿಮ್ಮಲ್ಲಿಗ್ ಬಪ್ಪತಿಗೆ ‘ಪ್ರೀತಿಯ ಕುಷ್ಟ ಅವರಿಗೆ’. ಅವರಿಗೆ ಅಂದೇಳಿ. ಅಲ್ಲೇ ನಿಲ್ಸಿ ಇನ್ನೊಂದ್ಸಲ ಓದ್ಸ್ದೆ. ನಾನ್ ಯಾರ್ ಅಂದೇಳಿ ಗೊತ್ತಿದ್ದ್ ಒಬ್ರಾರೂ ಇದ್ರ್ ಅಂದಾಂಗ್ ಆಯ್ತ್.”

ಜನ್ಮದಲ್ಲಿ ಮೊದಲ ಸಲ ಒಬ್ಬ ಓದುಗ, ಓದಲಿಕ್ಕೆ ಬಾರದ ಓದುಗ, ಸುಂದರನ ಒಂದು ವಾಕ್ಯವನ್ನು ಎರಡು ಸಲ ಓದಿಸಿಕೊಂಡಿದ್ದ. ಸಂತೋಷವಾಯಿತು, ಅಳುವಷ್ಟು ಸಂತೋಷ.

“ಆ ಪೇಪರಿನವನೂ ಬರ್ದಿದ್ದ ಕಾಣಿ,” ಕುಷ್ಟ ಮುಂದುವರಿಸಿದ. “ಕಳ್ಳ ಅಂದದ್ದ್ ಹೋಯ್ಲಿ. ‘ಕೊನೆಗೂ ಸೆರೆ’ ಅಂದೇಳಿ ಬರ್ದ. ಕೊನೆಗೂ ಅಂದ್ರೆ ಎಂತ ಸರ್? ನನ್ನ ಯಾರ್ ಹುಡ್ಕತಿದ್ರ್? ನಾನ್ ಮನಿಯಂಗೇ ಇದ್ದಿದ್ದೆ. ಅದ್ ಬಂದ್ಮೇಲೆ ವಂಡ್ಸೆ ಬದಿಯಂಗೆ ಹತ್ ವರ್ಷದ್ ಹಿಂದೆ ನರಿ ತಿಂದ ಕೋಳಿನೂ ನನ್ ತಲೀಗ್ ಬಂತ್. ಕಾಯಿ ಕೊಯ್ಯೂಕೆ ಯಾರೂ ಹಿತ್ಲೊಳಗೆ ಸೇರ್ಸತಿಲ್ಲೆ. ಕೇಸ್ ಬಿಟ್ ಹೋಯ್ತಾ ಏನೋ, ಆ ‘ಕೊನೆಗೂ’ ಬಿಡೂದಿಲ್ಲ.”

ಇಲ್ಲಿ ಪ್ರಮಾಣವಿರಲಿಲ್ಲ, ಟೈಪು ಮಾಡುವವರಿರಲಿಲ್ಲ. ಹೌದಾ, ಛೆ, ಎಂಥಾ ಜನ ಮಾರಾಯ್ರೆ ಎಂದು ಹೇಳಿ ಬಸ್ಸು ಹತ್ತಬಹುದಿತ್ತು. ಓದುಗ ಉಳಿಯುತ್ತಿದ್ದ. ಇಡೀ ಕುಂದಾಪುರ ಈಗಷ್ಟೇ ನಕ್ಕದ್ದರ ನಡುವೆ ಅವನಿಗೆ ಉಳಿದದ್ದು ಅದೊಂದೇ. ಸುಂದರ ಗೇಟನ್ನು ನೋಡಿದ, ಬಸ್ಸನ್ನು ನೋಡಿದ, ಕುಷ್ಟನ ಕೈಯ ಚೀಲವನ್ನು ನೋಡಿದ.

“ಅದನ್ನ ಬರ್ದದ್ದೂ ನಾನೇ,” ಎಂದ.

ಕುಷ್ಟ ಚೀಲವನ್ನು ನೋಡಿದ, ಸುಂದರನನ್ನು ನೋಡಿದ. ಬಯ್ಯುತ್ತಾನೆ, ಬಯ್ದರೆ ಒಳ್ಳೆಯದು ಎಂದು ಸುಂದರ ತಲೆ ತಗ್ಗಿಸಿಕೊಂಡ. ಕುಷ್ಟ ಬಯ್ಯಲಿಲ್ಲ. ಲೆಕ್ಕ ತಪ್ಪಿದ ಕಡೆ ಎಲ್ಲಿ ಎಂದು ಹುಡುಕುವವನ ಸ್ವರದಲ್ಲಿ ಕೇಳಿದ.

“ಹಾಂಗಾರೆ ಎರಡ್ರಂಗೆ ನನ್ನ ಕಂಡ್ ಬರ್ದದ್ ಯಾವ್ದ್?”

“ಎರಡೂ ಅಲ್ಲ.”

ಕುಷ್ಟ ಚೀಲವನ್ನು ನೆಲದ ಮೇಲಿಟ್ಟ. ಎತ್ತಿ ಕಟ್ಟಿದ್ದ ಪಂಚೆಯನ್ನು ಕೆಳಗೆ ಬಿಟ್ಟ, ಅಂಗಿಯ ಗುಂಡಿ ಹಾಕಿಕೊಂಡ, ಬಿಸಿಲಿಗೆ ಮುಖ ಮಾಡಿ ಸುಂದರನ ಎದುರು ನೆಟ್ಟಗೆ ನಿಂತ.

“ಹಾಂಗಾರೆ ಈಗ ನನ್ನ ಸಮಾ ಕಾಣಿ,” ಅಂದ.

ಸುಂದರ ತಲೆಯೆತ್ತಿದ. ನಾಚಿಕೆಯಿಂದ ಕಣ್ಣು ತುಂಬಿಕೊಂಡಿತ್ತು, ಎದುರಿಗೆ ನಿಂತವನ ಮುಖ ಕಾಣಿಸಲಿಲ್ಲ.